ಸಣ್ಣಯ್ಯನ ಹಕಾರ

ನಂಜನಗೂಡು
14 ಫೆಬ್ರವರಿ 1994

ಪ್ರೀತಿಯ ಸಣ್ಣಯ್ಯ,

ನಾವಿಲ್ಲಿ ಚೆನ್ನಾಗಿದ್ದೇವೆ. ನೀನು ಹೇಗಿದ್ದೀಯೆ ಎಂದು ಕೇಳುವುದಿಲ್ಲ, ಮೊನ್ನೆ ಸೋಮನಾಥಪುರದಲ್ಲಿ ಕಣ್ಣಾರೆ ನೋಡಿದೆವಲ್ಲ. ತಲೆಗೆ ಪೇಟ, ಸೊಂಟಕ್ಕೆ ಕತ್ತಿ, ಮೂತಿ ಮಾತ್ರ ಸೊಟ್ಟಗೆ. ಹೆತ್ತವ್ವ, ಒಡಹುಟ್ಟಿದ ಅಕ್ಕ ಇಬ್ಬರೂ ಬಸ್ಸಿಂದ ಬಸ್ಸಿಗೆ ಹತ್ತಿ ಇಳಿದು, ರಸಬಾಳೆ ಚಿಪ್ಪು ಹೊತ್ತುಕೊಂಡು ಶೂಟಿಂಗ್ ನೋಡಲು ಬಂದರೆ, ನೀನು ಒಂದು ಮಾತೂ ಆಡಿಸದೆ ಕಂಪನಿ ವ್ಯಾನು ಹತ್ತಿ ಹೋದೆಯಲ್ಲ, ಇದು ಯಾವ ಸೀಮೆ ನ್ಯಾಯವೋ? ಹಣ್ಣನ್ನು ಲೈಟಿನವರು ತಿಂದರು. ಪಾಪ, ಒಳ್ಳೆಯ ಹುಡುಗರು, ಸಿಪ್ಪೆಯನ್ನು ಗುಡಿಯಿಂದ ದೂರ ಹಾಕಿ ಬಂದರು.

ಯಾಕೆ ಓಡಿದೆ ಎನ್ನುವುದು ನನಗೆ ಗೊತ್ತು. ಹಗ್ಗದ ಈಚೆ ನಿಂತವರಲ್ಲಿ ನಾನೂ ಇದ್ದೆ. ಸಿನಿಮಾ ಸೇರಿ ಇಷ್ಟು ದಿನಕ್ಕೆ ನಿನಗೊಂದು ಪೂರ್ತಿ ವಾಕ್ಯ ಸಿಕ್ಕಿತ್ತು. ದಂಡನಾಯಕ ಯುದ್ಧಕ್ಕೆ ಹೊರಡುವಾಗ ರಾಜನ ಮುಂದೆ ಮಂಡಿಯೂರಿ "ಅರಸರೇ, ಹರಸಿ ಕಳುಹಿಸಿ" ಅನ್ನಬೇಕು. ನೀನು ಎದೆ ಉಬ್ಬಿಸಿ, ಗುಡಿಯ ಗೋಡೆ ಮೇಲಿನ ಆನೆಗಳಿಗೂ ಕೇಳುವ ಹಾಗೆ, "ಹರಸರೇ, ಅರಸಿ ಕಳುಹಿಸಿ" ಅಂದೆ. ಆಶೀರ್ವಾದ ಬೇಡಬೇಕಾದವನು ಮಹಾರಾಣಿಯನ್ನೇ ಕಳಿಸಿಕೊಡಿ ಅಂದ ಹಾಗಾಯಿತು! ರಾಣಿ ವೇಷದ ಹುಡುಗಿ ನಕ್ಕ ರಭಸಕ್ಕೆ ಕಿರೀಟವೇ ಉದುರಿತು. ನಾನೂ ನಕ್ಕೆ ಕಣೋ, ಸುಳ್ಳು ಯಾಕೆ ಹೇಳಲಿ. ಮಕ್ಕಳ ಕಾಪಿಯಲ್ಲಿ "ಅಳ್ಳಿ"ಯನ್ನು "ಹಳ್ಳಿ" ಎಂದು ಕೆಂಪು ಪೆನ್ನಿನಲ್ಲಿ ತಿದ್ದಿ ತಿದ್ದಿ ಬೆರಳು ಸವೆಸಿದ ಕನ್ನಡ ಮೇಡಂ ನಾನು, ನನ್ನ ತಮ್ಮನ ಬಾಯಲ್ಲೇ ಈ ಅವಾಂತರ!

ಅವ್ವ ಮಾತ್ರ ನಗಲಿಲ್ಲ. "ಅದ್ರಲ್ಲಿ ಏನ್ ತೆಪ್ಪದೆ? ಸರ್ಯಾಗೇ ಅಂದ್ನಲ್ಲ ನನ್ ಮಗ" ಅಂದಳು. ಅವಳ ಕಿವಿಗೆ ಎರಡೂ ಒಂದೇ.

ನಾಚಿಕೆ ಎಲ್ಲ ಮುಗಿದ ಮೇಲೆ ಒಂದು ಕಾಗದ ಹಾಕು.

ಬೈದರೂ ನಿನ್ನವಳೇ ಆದ ಅಕ್ಕ,
ಮಂಗಳ


ಗಾಂಧಿನಗರ, ಬೆಂಗಳೂರು
3 ಮಾರ್ಚ್ 1994

ಅಕ್ಕ,

ರಸಬಾಳೆ ಹಣ್ಣು ಲೈಟಿನವರ ಪಾಲಾಯಿತು ಎಂದು ಓದಿ ಹೊಟ್ಟೆ ಉರಿಯಿತು. ಅವಮಾನಕ್ಕಿಂತ ಅದೇ ಹೆಚ್ಚು ಅನ್ನು.

ನಿಮ್ಮನ್ನು ನೋಡಿದೆ. ನೋಡಿದ್ದಕ್ಕೇ ಓಡಿದೆ. ಊರ ಪಕ್ಕದ ತಾಂಡವಪುರದಲ್ಲಿ ನಾಟಕ ಆಡುವಾಗ ನಾನು ಭೀಮನ ವೇಷದಲ್ಲಿ "ಅಸ್ತಿನಾವತಿ" ಎಂದು ಗುಡುಗಿದರೆ ಚಪ್ಪಾಳೆ ಬೀಳುತ್ತಿತ್ತು. ಹಾರ್ಮೋನಿಯಂ ಮೇಷ್ಟ್ರೇ "ಅರಿಶ್ಚಂದ್ರ" ಅನ್ನುವವರು, ಇನ್ನು ತಿದ್ದುವವರು ಯಾರು? ಇಲ್ಲಿ ಬಂದ ಮೇಲೆ ನನ್ನ ಬಾಯಲ್ಲಿ ಹಕಾರ ಇಲ್ಲ ಎಂದು ಎಲ್ಲರೂ ಹೇಳತೊಡಗಿದರು. ಸರಿ, ಹಾಕೋಣ ಎಂದು ಹೊರಟರೆ ಅದು ಬೇಕಾದ ಕಡೆ ಬರುವುದಿಲ್ಲ, ಬೇಡದ ಕಡೆ ನುಗ್ಗುತ್ತದೆ. ಮೊನ್ನೆ ಹೋಟೆಲಿನಲ್ಲಿ ಎರಡು "ಹಿಡ್ಲಿ" ಕೇಳಿದೆ. ಸಪ್ಲೈಯರ್ ನನ್ನ ಮುಖವನ್ನೇ ನೋಡುತ್ತ ನಿಂತ.

ಸೋಮನಾಥಪುರದ ಆ ಮಾತನ್ನು ಈಗ ಬೇರೆಯವರು ಹೇಳಿದ್ದಾರೆ. ಸಿನಿಮಾದಲ್ಲಿ ಮಾತನ್ನೆಲ್ಲ ಆಮೇಲೆ ಸ್ಟುಡಿಯೋದಲ್ಲಿ ಕೂತು ಸೇರಿಸುತ್ತಾರೆ, ಡಬ್ಬಿಂಗ್ ಅಂತ. ಧಾರವಾಡ ಕಡೆಯ ಗಂಗಾಧರಸ್ವಾಮಿ ಎನ್ನುವವರು ನನ್ನ ತುಟಿ ನೋಡಿಕೊಂಡು ಹೇಳಿದರು. ಕಂಚಿನ ಕಂಠ. ನನ್ನ ಬಾಯಿಂದ ಅಂಥ ದನಿ ಬರುವುದನ್ನು ನೋಡಿ ನನಗೇ ಭಯವಾಯಿತು. ಇನ್ನು ಮುಂದೆ ನನ್ನ ಎಲ್ಲ ಪಾತ್ರಕ್ಕೂ ಅವರದೇ ದನಿ ಎಂದು ಕಂಪನಿ ಮ್ಯಾನೇಜರ್ ಹೇಳಿದ್ದಾರೆ.

ನನಗೆ ಅದು ಬೇಡ ಅಕ್ಕ. ನನ್ನ ಮಾತು ನಾನೇ ಆಡಬೇಕು. ನೀನು ಊರ ಮಕ್ಕಳಿಗೆಲ್ಲ ಕಲಿಸುತ್ತೀಯೆ. ನನಗೂ ಕಲಿಸು, ಅಂಚೆಯಲ್ಲೇ.

ಹೆಸರಿನಲ್ಲಿ ಹಕಾರವಿಲ್ಲದೆ ಬಚಾವಾದ ನಿನ್ನ ತಮ್ಮ,
ಸಣ್ಣಯ್ಯ


ನಂಜನಗೂಡು
20 ಮಾರ್ಚ್ 1994

ಸಣ್ಣಯ್ಯ,

ಒಂದನೇ ಪಾಠ. ಬಾಯಿಯ ಮುಂದೆ ಅಂಗೈ ಹಿಡಿ. ಹ ಎಂದರೆ ಉಸಿರು, ಅದು ಅಂಗೈಗೆ ಬೆಚ್ಚಗೆ ತಾಕಬೇಕು. ಅ ಎಂದಾಗ ತಾಕಬಾರದು. ಕೆಳಗಿನ ವಾಕ್ಯವನ್ನು ದಿನಾ ಹೇಳು: "ಹಳೇ ಹಳ್ಳಿಯ ಹಸು ಹಸಿ ಹುಲ್ಲು ಮೇಯಿತು, ಆಚೆ ಊರಿನ ಆಡು ಆಲದ ಎಲೆ ಮೇಯಿತು." ಹಸು ಮೇಯುವಾಗ ಅಂಗೈ ಬೆಚ್ಚಗಾಗಬೇಕು, ಆಡು ಮೇಯುವಾಗ ತಣ್ಣಗಿರಬೇಕು. ಆಡಿಗೂ ಗಾಳಿ ಬಂದರೆ ಮತ್ತೆ ಮೊದಲಿಂದ.

ನಾನು ಇದನ್ನು ಬರೆಯುತ್ತ ಜೋರಾಗಿ ಹೇಳಿಕೊಳ್ಳುತ್ತಿದ್ದೆ. ಅವ್ವ ರಾಗಿ ಕೇರುತ್ತಿದ್ದವಳು ಮೊರ ನಿಲ್ಲಿಸಿ, "ಅಯ್ ಶಿವನೆ, ಉಸ್ರು ಬುಡದ್ನೂ ಏಳ್ಕೊಡ್ಬೇಕಾ ಅವ್ನಿಗೆ?" ಅಂದಳು.

ನಿನ್ನ ಭಾವನವರು ಕಂಡಕ್ಟರ್ ಕೆಲಸದಿಂದ ಬಂದು ಅಂಗೈ ಹಿಡಿದು ತಾವೂ ಪರೀಕ್ಷೆ ಮಾಡಿಕೊಂಡರು. ಅವರೂ ಫೇಲು.

ಬೆತ್ತವಿಲ್ಲದ ಮೇಡಂ,
ಮಂಗಳ


ಗಾಂಧಿನಗರ, ಬೆಂಗಳೂರು
9 ನವೆಂಬರ್ 1995

ಅಕ್ಕ,

ನಿನ್ನ ಹಸು ದಿನಾ ಮೇಯುತ್ತಿದೆ. ಪಕ್ಕದ ರೂಮಿನವರು ಬೆಳಗಿನ ಹೊತ್ತು ನನ್ನ "ಹ ಹ ಹ" ಕೇಳಿ ಉಬ್ಬಸ ಎಂದುಕೊಂಡು ಶುಂಠಿ ಕಷಾಯ ತಂದುಕೊಟ್ಟರು. ಬೇಡ ಎನ್ನಲು ಮನಸ್ಸಾಗದೆ ಕುಡಿದೆ.

ಕೆಲಸಕ್ಕೆ ಬರವಿಲ್ಲ. ಮೊದಲು ವರ್ಷಕ್ಕೆ ಬೆರಳೆಣಿಕೆಯ ಸಿನಿಮಾ ತೆಗೆಯುತ್ತಿದ್ದ ಬೀದಿಯಲ್ಲಿ ಈಗ ದಿನಾ ಒಂದು ಮುಹೂರ್ತದ ತೆಂಗಿನಕಾಯಿ ಒಡೆಯುತ್ತಾರೆ. ಪ್ರತಿ ಸಿನಿಮಾಕ್ಕೂ ಒಬ್ಬ ಸೋದರಮಾವ, ಒಬ್ಬ ಕಾನ್‌ಸ್ಟೇಬಲ್, ಒಬ್ಬ ನಿಷ್ಠಾವಂತ ಆಳು ಬೇಕೇ ಬೇಕು. "ಸಣ್ಣ ಪಾತ್ರಕ್ಕೆ ಸಣ್ಣಯ್ಯ" ಎಂದು ಎಲ್ಲರೂ ತಮಾಷೆ ಮಾಡುತ್ತಾರೆ. ಮಾಡಲಿ ಬಿಡು, ಮಾಡಿದವರೇ ಕರೆಯುತ್ತಾರೆ. ಈ ವರ್ಷ ಲಾರಿಗೆ ಸಿಕ್ಕಿ ಸತ್ತೆ, ನಾಯಕನ ಬದಲಿಗೆ ಗುಂಡು ತಿಂದು ಸತ್ತೆ, ಮಗಳ ಮದುವೆ ನಿಂತು ಎದೆ ಒಡೆದು ಸತ್ತೆ. ಇಂಟರ್ವಲ್ ದಾಟಿ ಬದುಕಿದ್ದು ಒಂದರಲ್ಲೂ ಇಲ್ಲ. ನಿನ್ನೆ ಬಸ್ಸಿನಲ್ಲಿ ಒಬ್ಬಾಕೆ ನನ್ನನ್ನೇ ನೋಡಿ ನೋಡಿ, "ನೀವು ಸತ್ತೋದ್ರಲ್ವಾ ಸಾ?" ಎಂದು ಕೇಳಿ ಎದ್ದು ಜಾಗ ಕೊಟ್ಟಳು. ಯಾವ ನಾಯಕನಿಗೆ ಸಿಗುತ್ತೆ ಹೇಳು ಇಂಥ ಮರ್ಯಾದೆ?

ಅವ್ವ ಬೇಜಾರು ಮಾಡಿಕೊಳ್ಳುತ್ತಾಳೋ ಏನೋ, ಇಷ್ಟೊಂದು ಸಾಯುತ್ತಾನಲ್ಲ ಮಗ ಎಂದು. ದನಿ ಇನ್ನೂ ಗಂಗಾಧರಸ್ವಾಮಿಯವರದೇ. ಒಳ್ಳೆಯ ಮನುಷ್ಯ. ಸಿಕ್ಕಾಗಲೆಲ್ಲ ಚಹಾ ಕುಡಿಸುತ್ತಾರೆ.

ಸದ್ಯಕ್ಕೆ ಬದುಕಿರುವ,
ಸಣ್ಣಯ್ಯ


ನಂಜನಗೂಡು
26 ನವೆಂಬರ್ 1995

ಸಣ್ಣಯ್ಯ,

ಅವ್ವ ಬೇಜಾರು ಮಾಡಿಕೊಳ್ಳುತ್ತಾಳೆ ಅಂದೆಯಾ? ನೀನು ಲಾರಿಗೆ ಸಿಕ್ಕಿದ ದಿನ ಟಾಕೀಸಿನಲ್ಲಿ ಅಕ್ಕಪಕ್ಕದ ಹೆಂಗಸರೆಲ್ಲ ಸೆರಗಿನಲ್ಲಿ ಕಣ್ಣೊರೆಸಿಕೊಂಡರೆ ಇವಳು ಕಡ್ಲೆಕಾಯಿ ತಿನ್ನುತ್ತ ಕೂತಿದ್ದಳು. "ಸುಳ್ ಸಾವು ಸತ್ರೆ ಆಯಸ್ಸು ಎಚ್ತದೆ. ಇನ್ನೂ ನಾಕ್ ಸಲ ಸಾಯ್ಲಿ" ಅಂದಳು. ಆಮೇಲೆ ದಾರಿಯುದ್ದಕ್ಕೂ ಒಂದೇ ಗೊಣಗಾಟ: "ಮಕ ನನ್ ಮಗಂದು. ಗಂಟ್ಲು ಯಾರ್ದವ್ವ?"

ಆ ಪ್ರಶ್ನೆಗೆ ನೀನೇ ಬಂದು ಉತ್ತರ ಹೇಳು.

ಮಂಗಳ


ತಿ. ನರಸೀಪುರ
21 ಜೂನ್ 1998

ಸಣ್ಣಯ್ಯ,

ವರ್ಗವಾಗಿ ಬಂದು ಮನೆ ಒಂದು ಹದಕ್ಕೆ ಬಂತು. ಹೊಳೆ ಹತ್ತಿರ, ಸ್ಕೂಲು ಅದಕ್ಕಿಂತ ಹತ್ತಿರ. ಅವ್ವನ ಕಣ್ಣಿನ ವಿಷಯ ಹೋದ ಸಲ ನೀನು ಬಂದಾಗ ನೋಡಿದೆಯಲ್ಲ. ಮೈಸೂರಿನಲ್ಲಿ ಮತ್ತೊಬ್ಬ ಡಾಕ್ಟರಿಗೂ ತೋರಿಸಿದೆವು. ಕಣ್ಣಿನ ನರವೇ ಒಣಗಿದೆ, ಆಪರೇಷನ್ನಿಗೂ ಬರುವುದಿಲ್ಲ ಅಂದರು. ಬಾಗಿಲ ಬೆಳಕು ಒಂದಿಷ್ಟು ತಿಳಿಯುತ್ತಿತ್ತು, ಈಗ ಅದೂ ಇಲ್ಲ. ನಾನು ಅತ್ತೆ. ಅವಳು, "ಸುಮ್ಕಿರು, ನೋಡಾದೆಲ್ಲ ನೋಡಾಯ್ತು" ಎಂದು ನನ್ನನ್ನೇ ಗದರಿದಳು. ಒಲೆ ಮುಂದೆ ಕೂತರೆ ಇವತ್ತಿಗೂ ಅವಳ ಮುದ್ದೆಯಲ್ಲಿ ಒಂದು ಗಂಟಿಲ್ಲ.

ಹೋದ ಭಾನುವಾರ ಟಿವಿಯಲ್ಲಿ ಸಿನಿಮಾ ಹಾಕಿದ್ದರು. ಅದರಲ್ಲಿ ನೀನಿಲ್ಲ. ಆದರೆ ಅದರ ಖಳನಾಯಕನಿಗೆ ನಿನ್ನ ಗಂಗಾಧರಸ್ವಾಮಿ ದನಿ ಕೊಟ್ಟಿದ್ದಾರೆ. ಆ ದನಿ ಕೇಳಿದ್ದೇ ತಡ ಅವ್ವ ನೆಟ್ಟಗೆ ಕೂತಳು. "ಬಂದ ಬಂದ, ನನ್ ಮಗ ಬಂದ! ಗುರುಬಸಮ್ಮಾ, ಬಾರವ್ವ ಬಿರ್ನೆ!" ಎಂದು ಎದುರು ಮನೆಯವರನ್ನು ಕೂಗಿದಳು. ಗುರುಬಸಮ್ಮ ಕೈಯಲ್ಲಿದ್ದ ಸೌಟಿನ ಸಮೇತ ಓಡಿಬಂದರು. ಅಷ್ಟರಲ್ಲಿ ಆ ಖಳ ನಾಯಕಿಯ ಸೆರಗಿಗೆ ಕೈ ಹಾಕಿದ. ಹುಡುಗಿ ಕಿರುಚಿದಳು. ಅವ್ವ ಕೋಲಿನಿಂದ ನೆಲಕ್ಕೆ ಬಡಿದು, "ಲೇ ಸಣ್ಣಯ್ಯ! ಬುಡ್ಲಾ ಅವಳ್ನ! ಎಣ್ಮಕ್ಳ ಮೈ ಮುಟ್ತೀಯಾ?" ಎಂದು ಬೀದಿಗೆಲ್ಲ ಕೇಳುವ ಹಾಗೆ ಅರಚಿದಳು.

ನಾವು ನಗು ತಡೆಯಲಾರದೆ ನಿಜ ಹೇಳಿದೆವು. ಅವ್ವಾ, ಅದು ಸಣ್ಣಯ್ಯ ಅಲ್ಲ, ಸಿನಿಮಾದಲ್ಲಿ ಅವನಿಗೆ ದನಿ ಕೊಡುವ ಮನುಷ್ಯ, ಆ ದನಿ ಊರಿಗೆಲ್ಲ ಬಾಡಿಗೆಗೆ ಹೋಗುತ್ತದೆ ಎಂದೆವು. ಅವಳು ಕೋಲನ್ನು ಗೋಡೆಗೆ ಒರಗಿಸಿಟ್ಟಳು. ಆಮೇಲೆ ಕೇಳಿದಳು: "ಅಂಗಾರೆ ಇನ್ಮೇಕೆ ನನ್ಗೆ ಸಿನ್ಮಾದಲ್ಲಿ ನನ್ ಮಗ ಇಲ್ವೇ ಇಲ್ಲ ಅನ್ನು?"

ನಗು ಅಲ್ಲಿಗೇ ನಿಂತುಹೋಯಿತು ಕಣೋ. ಗುರುಬಸಮ್ಮ ಸೌಟು ಹಿಡಿದುಕೊಂಡು ಮೆಲ್ಲಗೆ ಮನೆಗೆ ಹೋದರು.

ಮಂಗಳ


ರಾಜಾಜಿನಗರ, ಬೆಂಗಳೂರು
17 ಜನವರಿ 1999

ಅಕ್ಕ,

ಏಳು ತಿಂಗಳು ಕಾಗದ ಬರೆಯಲಿಲ್ಲ ಎಂದು ನೀನು ಸಿಟ್ಟಾಗಿರುತ್ತೀಯೆ. ಅವ್ವ ಕೇಳಿದ ಮಾತಿಗೆ ಉತ್ತರ ತರದೆ ಬರೆಯಬಾರದು ಎಂದುಕೊಂಡಿದ್ದೆ. ಒಂದೇ ಒಂದು ಸಿನಿಮಾ, ಅದರಲ್ಲಿ ಒಂದೇ ಒಂದು ಮಾತು ನನ್ನ ದನಿಯಲ್ಲಿ ಅವ್ವನ ಕಿವಿಗೆ ಬಿದ್ದರೆ ಸಾಕು. ಇನ್ನೇನೂ ಆಸೆ ಇಲ್ಲ ನನಗೆ. ಹೆಸರು ದೊಡ್ಡದಾಗಿ ಬರುವುದು ಬೇಡ, ಇಂಟರ್ವಲ್ ದಾಟುವುದೂ ಬೇಡ.

ನನ್ನ ಹಕಾರ ಈಗ ಪಾಸಾಗಿದೆ. ಪೇಪರನ್ನು ಮೊದಲ ಪುಟದಿಂದ ಕೊನೆಯವರೆಗೆ ಜೋರಾಗಿ ಓದುತ್ತೇನೆ, ಹಸು ಹಸುವಾಗಿ, ಆಡು ಆಡಾಗಿ. ಹಾಗೆಂದು ಧೈರ್ಯ ಮಾಡಿ ಒಬ್ಬ ದೊಡ್ಡ ನಿರ್ಮಾಪಕರ ಮುಂದೆ ನಿಂತು, ಈ ಸಲ ನಾನೇ ಮಾತಾಡುತ್ತೇನೆ ಸಾರ್ ಎಂದು ಕೇಳಿದೆ. ಅವರ ಮುಂದೆಯೇ ಒಂದು ಪುಟ ಓದಿ ತೋರಿಸಿದೆ. ಚೆನ್ನಾಗಿದೆ ಅಂದರು. ಆಮೇಲೆ ಏನಂದರು ಗೊತ್ತಾ? "ನಿಮ್ಮ ಮುಖಕ್ಕೆ ಆ ದನಿ ಜನಕ್ಕೆ ಒಗ್ಗಿಹೋಗಿದೆ ಸಣ್ಣಯ್ಯ. ಈಗ ನೀವು ಮಾತಾಡಿದ್ರೆ ಯಾರದೋ ಡಬ್ಬಿಂಗ್ ಅಂದ್ಕೋತಾರೆ."

ಹೊರಗೆ ಬಂದು ನಕ್ಕೆ. ಅಳಬೇಕಾಗಿತ್ತು, ನಗು ಬಂತು. ಅವ್ವನಿಗೆ ಇದನ್ನು ಓದಿ ಹೇಳಬೇಡ.

ಸಣ್ಣಯ್ಯ


ತಿ. ನರಸೀಪುರ
5 ಅಕ್ಟೋಬರ್ 2000

ಸಣ್ಣಯ್ಯ,

ಹಬ್ಬಕ್ಕೆ ಬಂದು ಹೋದದ್ದು ಸಂತೋಷ. ನಿನ್ನ ಭಾವನವರು ನೀನು ತಂದ ಶರಟು ಹಾಕಿಕೊಂಡೇ ಡ್ಯೂಟಿಗೆ ಹೊರಟಿದ್ದರು, ಯೂನಿಫಾರಂ ನೆನಪಿಸಿ ಕಳಿಸಿದೆ.

ಒಂದು ತಮಾಷೆ ನಿನಗೆ ಹೇಳಲಿಲ್ಲ. ಅವತ್ತು ನೀನು ಬಾಗಿಲಲ್ಲಿ ನಿಂತು "ಹೇಗಿದ್ದೀಯವ್ವ, ಹುಷಾರಾಗಿದ್ದೀಯಾ?" ಎಂದು ಕೇಳಿದೆಯಲ್ಲ, ನಾನು ಒಳಗೆ ಒಗ್ಗರಣೆ ಹಾಕುತ್ತಿದ್ದೆ. ಅವ್ವ ನನ್ನ ಕಡೆ ತಿರುಗಿ ಮೆಲ್ಲಗೆ, "ಯಾರವ್ವ ಅದು, ಬ್ಯಾಂಕ್ನೋರಾ?" ಅಂದಳು. ನೀನು ಹತ್ತಿರ ಬಂದು ಕೈ ಹಿಡಿದ ಮೇಲೆ ಗೊತ್ತಾಯಿತು ಅವಳಿಗೆ.

ತಮಾಷೆಗೆಂದು ಬರೆದೆ. ಬರೆದ ಮೇಲೆ ಅಷ್ಟೇನೂ ತಮಾಷೆಯಾಗಿ ಕಾಣುತ್ತಿಲ್ಲ.

ಮಂಗಳ


ರಾಜಾಜಿನಗರ, ಬೆಂಗಳೂರು
11 ಫೆಬ್ರವರಿ 2005

ಅಕ್ಕ,

ಈಗ ಮನೆಮನೆಗೂ ಫೋನಿದೆ, ಇವನ್ಯಾಕೆ ಕಾಗದ ಬರೆದ ಎನ್ನಬೇಡ. ಫೋನ್ ಮಾಡಿದರೆ ಅವ್ವ ಪಕ್ಕದಲ್ಲೇ ಕೂತು ಕೇಳಿಸಿಕೊಳ್ಳುತ್ತಾಳೆ. ಇದು ನಿನಗೆ ಮಾತ್ರ.

ಮೈಸೂರಿನ ಹುಡುಗ ನಾಗೇಂದ್ರ ಎನ್ನುವವನು ಸಿನಿಮಾ ಮಾಡುತ್ತಿದ್ದಾನೆ. ಕಪಿಲಾ ದಂಡೆಯ ಒಂದು ಸಂಸಾರದ ಕಥೆ. ಡಬ್ಬಿಂಗೇ ಇಲ್ಲವಂತೆ, ಶೂಟಿಂಗ್ ಸ್ಥಳದಲ್ಲಿ ಆಡಿದ ಮಾತೇ ಸಿನಿಮಾಕ್ಕೆ ಹೋಗುತ್ತದೆ. ನನ್ನದು ಕಥಾನಾಯಕನ ದೊಡ್ಡಪ್ಪನ ಪಾತ್ರ, ಮುದಿ ತಾಯಿಯ ಜೊತೆ ಇರುವವನು. ಕೊನೆಯವರೆಗೂ ಸಾಯುವುದಿಲ್ಲ ಅಕ್ಕ! ಕೇಳಿ ಕುಣಿದಾಡಿದೆ. ಅವ್ವನಿಗೆ ಕೊಡಬೇಕಾದ ಉತ್ತರ ಸಿಕ್ಕಿತು ಎಂದುಕೊಂಡೆ.

ನಿನ್ನೆ ಪರೀಕ್ಷೆಗೆ ಕರೆದಿದ್ದರು. ದೊಡ್ಡಪ್ಪ ಹೊಲದಿಂದ ಬಂದು ಹೇಳುವ ಮೊದಲ ಮಾತು ಹೀಗಿದೆ: "ಅವ್ವಾ, ಅಸೀತಾದೆ ಕಣವ್ವ, ಇಟ್ಟಿಕ್ಕು." ಅಷ್ಟೇ. ಮುದ್ದೆ ಬಡಿಸು ಎನ್ನುವ ನಮ್ಮನೆ ಮಾತು. ನಾನು ಬಾಯಿ ಬಿಟ್ಟರೆ "ಹಸೀತಾದೆ, ಹಿಟ್ಟಿಕ್ಕು" ಬರುತ್ತಿದೆ! ಮತ್ತೆ ಹೇಳಿದೆ, ಮತ್ತೆ ಹಕಾರ. ಹಲ್ಲು ಕಚ್ಚಿ ತಡೆಯಲು ಹೋದರೆ "ಹವ್ವಾ" ಎಂದೆ. ಅವ್ವನಿಗೂ ಹಕಾರ ಹತ್ತಿತು. ನಾಗೇಂದ್ರ ಒಳ್ಳೆಯವನು, ನಗಲಿಲ್ಲ. "ಸಾರ್, ನಂಜನಗೂಡು ಸೀಮೆಯವ್ರು ಅಂತಲೇ ನಿಮ್ಮನ್ನ ಕರೆಸಿದ್ದು. ನೀವು ಹಿಟ್ಟು ಕೇಳೋದು ವಾರ್ತೆ ಓದಿದಂಗಿದೆಯಲ್ಲ?" ಅಂದ. ಉಗಾದಿ ಕಳೆದ ಮೇಲೆ ಶೂಟಿಂಗ್. ಅಷ್ಟರೊಳಗೆ ಊರಿನ ಮಾತು ಬರದಿದ್ದರೆ ಪಾತ್ರವನ್ನು ಬೇರೆಯವರಿಗೆ ಕೊಡುತ್ತಾನೆ. ತಪ್ಪು ಅವನದಲ್ಲ.

ಆಗ ಇಲ್ಲದ್ದು ಬೇಕು ಅಂದರು, ಹಠ ಹಿಡಿದು ಕಲಿತೆ. ಈಗ ಇದ್ದದ್ದು ಬೇಕು ಅಂತಾರೆ, ಅದು ಎಲ್ಲಿ ಹೋಯಿತೋ ಗೊತ್ತಿಲ್ಲ. ಯಾವ ಪಾಠ ಕಲಿಸುತ್ತೀಯೆ ಈಗ?

ನಿನ್ನ ಅತೀ ಜಾಣ ಶಿಷ್ಯ,
ಸಣ್ಣಯ್ಯ


ತಿ. ನರಸೀಪುರ
15 ಫೆಬ್ರವರಿ 2005

ಸಣ್ಣಯ್ಯ,

ಬೀಗ ಹಾಕಿ ಹೊರಟು ಬಾ. ನನ್ನ ಹತ್ತಿರ ಇದಕ್ಕೆ ಪಾಠವಿಲ್ಲ. ಈ ವಿಷಯಕ್ಕೆ ಮೇಡಂ ಬೇರೆ ಇದ್ದಾರೆ. ಜಗಲಿ ಮೇಲೆ ಕೂತು ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದಾರೆ.

ಮಂಗಳ


ರಾಜಾಜಿನಗರ, ಬೆಂಗಳೂರು
8 ಮೇ 2005

ಅಕ್ಕ,

ಶೂಟಿಂಗ್ ಮುಗಿಯಿತು. ನಂಜನಗೂಡಿನ ಹತ್ತಿರವೇ ಹೊಳೆ ದಂಡೆಯಲ್ಲಿ ಮನೆ ಹಿಡಿದಿದ್ದರು. ನನ್ನ ಮೊದಲ ಮಾತು ಒಂದೇ ಸಲಕ್ಕೆ ಓಕೆ ಆಯಿತು. ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಕೂತಿದ್ದ ಸೌಂಡಿನವನು ಹೆಬ್ಬೆರಳು ಎತ್ತಿ ತೋರಿಸಿದ.

ನಿನ್ನ ಕಾಗದ ನೋಡಿ ಊರಿಗೆ ಬಂದಿದ್ದೆನಲ್ಲ, ಅವತ್ತು ನೀನು ಸ್ಕೂಲಿಗೆ ಹೋದ ಮೇಲೆ ನಡೆದದ್ದನ್ನು ಅವ್ವ ನಿನಗೆ ಹೇಳಿರುವುದಿಲ್ಲ. ನಾನು ಹೇಳುತ್ತೇನೆ ಕೇಳು. ಸಿನಿಮಾಕ್ಕೆ ಊರ ಮಾತು ಬೇಕಂತೆ ಎಂದಷ್ಟೇ ಅವಳಿಗೆ ಹೇಳಿದ್ದೆ. ಯಾವ ಮಾತು ಎಂದು ಹೇಳಿರಲೇ ಇಲ್ಲ. ಬೆಳಿಗ್ಗೆ ಜಗಲಿ ಮೇಲೆ ಅವಳ ಪಕ್ಕ ಕೂತು ಅದೂ ಇದೂ ಮಾತಾಡುತ್ತಿದ್ದೆ. ನಾಲ್ಕು ಮಾತಾಡುವುದರೊಳಗೆ ತಡೆದಳು. "ಅದ್ಯಾಕ್ಲಾ ಒಲೆ ಊದ್ದಂಗೆ ಊದ್ತೀಯೆ?" ಅಂದಳು. ಊದದೆ ಹೇಳಲು ನೋಡಿದೆ. "ಇನ್ನೂವೆ ಊದ್ತಾವ್ನೆ" ಅಂದಳು. ಹೊತ್ತೇರಿತು. ತಿಂಡಿ ಕೊಡು ಎಂದು ಕೇಳಿದೆ. ಹೇಗೆ ಕೇಳಿದೆನೋ, ಅವಳಿಗೆ ಹಿಡಿಸಲಿಲ್ಲ. "ಬ್ಯಾಂಕ್ನೋರ್ಗೆ ನಮ್ಮನೇಲಿ ತಿಂಡಿ ಇಕ್ಕಲ್ಲ" ಎಂದು ಒಳಗೆ ಹೋಗಿ ಅಡುಗೆ ಮನೆ ಬಾಗಿಲಿಗೆ ಕೋಲು ಅಡ್ಡ ಇಟ್ಟುಕೊಂಡು ಕೂತಳು!

ಒಳಗಿಂದ ಮುದ್ದೆ ಬೇಯುವ ವಾಸನೆ, ಉಪ್ಸಾರಿನ ಖಾರದ ವಾಸನೆ. ನಾನು ಗೌರವಾನ್ವಿತ ಪೋಷಕ ನಟ, ಐವತ್ತಕ್ಕೆ ಹತ್ತಿರದವನು, ಹೊಸ್ತಿಲಾಚೆ ನಾಯಿಮರಿಯ ಹಾಗೆ ಕೂತಿದ್ದೆ. ಹಕಾರದ ಯೋಚನೆ ಹೋಯಿತು, ಸಿನಿಮಾದ ಯೋಚನೆ ಹೋಯಿತು, ಹೊಟ್ಟೆ ಒಂದೇ ಉಳಿಯಿತು. ಮಧ್ಯಾಹ್ನವಾಗುವ ಹೊತ್ತಿಗೆ ಬಾಯಿಂದ ತಾನಾಗೇ ಬಂತು: "ಅಯ್ಯೋ, ಅಸೀತಾದೆ ಕಣವ್ವ, ಇಟ್ಟಿಕ್ಕು!"

ಕೋಲು ತೆಗೆದಳು. ತಟ್ಟೆಗೆ ಮುದ್ದೆ ಹಾಕುತ್ತ, "ಅಂಗೆ ಬಾ ದಾರಿಗೆ. ಒಟ್ಟೆ ಅಸ್ದೋನು ಉಸ್ರು ದಂಡ ಮಾಡ್ತಾನೇನ್ಲಾ?" ಅಂದಳು.

ಹತ್ತು ವರ್ಷ ಅಂಗೈ ಹಿಡಿದುಕೊಂಡು ಉಸಿರು ಬಿಡುವುದನ್ನು ನಿನ್ನಿಂದ ಕಲಿತೆ. ಬೇಜಾರು ಮಾಡಿಕೊಳ್ಳಬೇಡ, ಅದು ಬದುಕಿಗೆ ಬೇಕಾಗಿತ್ತು, ಈಗಲೂ ಬೇಕು. ಉಸಿರು ಉಳಿಸಿಕೊಳ್ಳುವುದನ್ನು ಅವ್ವ ಒಂದು ಹೊತ್ತಿನ ಉಪವಾಸದಲ್ಲಿ ಕಲಿಸಿದಳು.

ಗಂಗಾಧರಸ್ವಾಮಿಯವರಿಗೆ ಈ ಸಿನಿಮಾದ ವಿಷಯ ಹೇಗೆ ಹೇಳಲಿ ಎಂದು ಹಿಂಜರಿದಿದ್ದೆ. ಹೇಳಿದೆ. ಅವರು ನನ್ನ ಹೆಗಲ ಮೇಲೆ ಕೈ ಹಾಕಿ, "ನಿನ್ನ ಬಾಯಿಂದ ನಾ ಇಷ್ಟು ವರ್ಷ ಅನ್ನ ಉಂಡೇನಪಾ. ಇನ್ನ ನೀನ ಮಾತಾಡು" ಅಂದರು. ಚಹಾ ಅವತ್ತು ನಾನು ಕುಡಿಸಿದೆ.

ಹೊಟ್ಟೆ ತುಂಬಿದ,
ಸಣ್ಣಯ್ಯ


ತಿ. ನರಸೀಪುರ
19 ಮಾರ್ಚ್ 2006

ಪ್ರೀತಿಯ ತಮ್ಮಾ,

ನಿನ್ನ ಸಿನಿಮಾ ಕೊನೆಗೂ ನಮ್ಮೂರ ಟಾಕೀಸಿಗೆ ಬಂತು. ನೀನು ಶೂಟಿಂಗಿಗೆಂದು ಹೊರ ರಾಜ್ಯದಲ್ಲಿ ಇದ್ದೀಯೆ, ಇರಲಿ. ನೀನು ಇದ್ದಿದ್ದರೆ ಇದು ಹೀಗೆ ನಡೆಯುತ್ತಿರಲಿಲ್ಲ.

ಅವ್ವನನ್ನು ಮ್ಯಾಟ್ನಿಗೆ ಕರೆದುಕೊಂಡು ಹೋದೆವು. ನಿನ್ನ ಭಾವನವರು ಒಂದು ಕಡೆ, ನಾನು ಒಂದು ಕಡೆ, ಗುರುಬಸಮ್ಮ ಹಿಂದೆ. ಟಿಕೆಟ್ ಹರಿಯುವ ಹುಡುಗ, "ಅಜ್ಜಿಗೆ ಕಣ್ ಕಾಣಲ್ವಲ್ಲ ಮೇಡಂ?" ಅಂದ. ಅವ್ವ, "ಕಿವಿ ಕಾಣ್ತದೆ, ನಡೀಲಾ" ಅಂದಳು. ಸಿನಿಮಾ ಶುರುವಾಯಿತು. ಹಾಡು ಆಯಿತು, ಜಗಳ ಆಯಿತು. ಅವ್ವ ಕೋಲನ್ನು ಮಂಡಿ ಮಧ್ಯ ನಿಲ್ಲಿಸಿಕೊಂಡು ಅದರ ಮೇಲೆ ಗದ್ದ ಊರಿ ಕೂತಿದ್ದಳು. ಇದರಲ್ಲಿ ನಿನ್ನ ದನಿಯೇ ಇದೆ ಎಂದು ನಾನು ಮೊದಲೇ ಹೇಳಿರಲಿಲ್ಲ. ಹೇಳಲು ಭಯ. ಅವಳು ಗುರುತು ಹಿಡಿಯದಿದ್ದರೆ?

ಪರದೆಯ ಮೇಲೆ ನೀನು ಬಂದೆ. ಹೆಗಲ ಮೇಲಿನ ಗುದ್ದಲಿ ಇಳಿಸಿದೆ. ಹೊಸ್ತಿಲ ಮೇಲೆ ಕೂತು ಹೇಳಿದೆ: "ಅವ್ವಾ, ಅಸೀತಾದೆ ಕಣವ್ವ, ಇಟ್ಟಿಕ್ಕು."

"ಬಂದೇ ಕಣ್ ಮಗ, ಕೈಕಾಲ್ ತೊಳ್ಕೊ" ಎಂದು ನಮ್ಮವ್ವ ಕೋಲೂರಿ ಎದ್ದು ನಿಂತಳು.

ಸಣ್ಣಯ್ಯ, ಅವಳು ಅದನ್ನು ಮೆಲ್ಲಗೆ ಹೇಳಲಿಲ್ಲ. ಮನೆಯಲ್ಲಿ ಹಿತ್ತಲಿಗೆ ಕೇಳುವ ಹಾಗೆ ಹೇಗೆ ಹೇಳುತ್ತಾಳೋ ಹಾಗೆ ಹೇಳಿದಳು. ಟಾಕೀಸಿಗೆ ಟಾಕೀಸೇ ನಕ್ಕಿತು. ಆಮೇಲೆ ಮುಂದಿನ ಸಾಲಿನ ಯಾರೋ ಹಿಂತಿರುಗಿ ನೋಡಿ, ಪಕ್ಕದವರಿಗೆ ಏನೋ ಹೇಳಿ, ಅದು ಸಾಲಿನಿಂದ ಸಾಲಿಗೆ ಹೋಗಿ ಎಲ್ಲರೂ ಸುಮ್ಮನಾದರು. ಪರದೆಯ ಮೇಲಿನ ತಾಯಿ ನಿನಗೆ ಊಟ ಬಡಿಸುತ್ತಿದ್ದಳು. ಅವ್ವ ಇನ್ನೂ ನಿಂತೇ ಇದ್ದಳು. ಒಬ್ಬರಾದರೂ "ಕೂತ್ಕೊಳ್ಳಮ್ಮ" ಅನ್ನಲಿಲ್ಲ. ನಾನು ಅವಳ ಕೈ ಹಿಡಿದು ಕೂರಿಸಿದೆ. "ಅವನೇ" ಅಂದಳು. "ಊ ಕಣವ್ವ, ಅವನೇ" ಅಂದೆ. ಹೂಂ ಅನ್ನಲಿಲ್ಲ ನಾನು, ಊ ಅಂದೆ. ಈ ವಯಸ್ಸಿನಲ್ಲಿ ನನ್ನ ಬಾಯಿಂದಲೂ ಹಕಾರ ಜಾರಿಹೋಯಿತು. ಅಳುವವರಿಗೂ ಉಸಿರು ಸಾಲುವುದಿಲ್ಲ ಎಂದು ಈಗ ಗೊತ್ತಾಯಿತು.

ಅವ್ವ ನಿನಗೆ ಕಾಗದ ಬರೆಸಬೇಕೆಂದು ಹಠ ಹಿಡಿದು ಕೂತಿದ್ದಾಳೆ. ಅವಳು ಹೇಳಿದ್ದನ್ನು ಹೇಳಿದ ಹಾಗೆಯೇ ಕೆಳಗೆ ಬರೆದಿದ್ದೇನೆ. ಕೆಂಪು ಪೆನ್ನು ಮುಟ್ಟಿಲ್ಲ.

ನಿನ್ನ ಅಕ್ಕ,
ಮಂಗಳ


ಮಗ ಸಣ್ಣಯ್ಯ,

ನೀನು ಸಿನ್ಮಾದಲ್ಲಿ ಇದ್ದೀಯೆ. ನಾನೇ ಕೇಳ್ದೆ. ಊರೋರ್ಗೆಲ್ಲ ಏಳಿವ್ನಿ. ನೀನು ಇಟ್ಟು ಕೇಳ್ದೆ, ನಾನು ಎದ್ ಬರಾ ಅಷ್ಟ್ರಲ್ಲಿ ಅವಳ್ಯಾರೋ ಪುಣ್ಯಾತ್ಗಿತ್ತಿ ಇಕ್ಬುಟ್ಳಂತೆ, ನಿಮ್ಮಕ್ಕ ಏಳ್ತು. ಅವಳ್ ಇಟ್ಟು ಎಂಗಿತ್ಲಾ? ಗಂಟಿತ್ತಾ? ಒಟ್ಟೆ ತುಂಬ್ತಾ? ಸಿನ್ಮಾದೋರ್ ಇಟ್ಟು ನೆಚ್ಕೋಬ್ಯಾಡ. ಕೆಲ್ಸ ಮುಗುದ್ ಮೇಕೆ ಸೀದಾ ಮನೆಗ್ ಬಾ. ದಾರೀಲಿ ಓಟ್ಲು ಗೀಟ್ಲು ಅನ್ಬ್ಯಾಡ.

ಅಸ್ಕೊಂಡು ಬಾ.

ನಿನ್ನವ್ವ